ಕಂತು ಎಷ್ಟು ಅಂತ ಕೇಳಬೇಡಿ, ಒಟ್ಟು ಎಷ್ಟು ಅಂತ ಕೇಳಿ

2023ರ ಏಪ್ರಿಲ್‌ನ ಒಂದು ಭಾನುವಾರ. ಬೋಡಕ್‌ದೇವ್‌ನ ನಮ್ಮ ಮನೆಗೆ ತಂಗಿಯ ಮಗ ಬಂದ. ಶೇಲಾದಲ್ಲಿ ಮನೆ ತಗೊಂಡು ಒಂದೂವರೆ ವರ್ಷ ಆಗಿತ್ತು. ಸಾಧಾರಣವಾಗಿ ಅವನು ಬಂದರೆ ನನ್ನ ಹೆಂಡತಿ ಮಾಡುವ ನೀರುದೋಸೆಗೆ ಬರುತ್ತಾನೆ. ಅವತ್ತು ಕೈಯಲ್ಲಿ ಫೈಲು ಇತ್ತು. "ಮಾವ, ನೀವು ಬ್ಯಾಂಕಿನವರು, ಇದನ್ನ ಸ್ವಲ್ಪ ನೋಡಿ. ಪ್ರತಿ ತಿಂಗಳೂ ತಪ್ಪದೆ ಕಟ್ತಾ ಇದ್ದೀನಿ, ಸಾಲ ಮಾತ್ರ ಅಲ್ಲೇ ಕೂತಿದೆ" ಅಂದ.

ನೋಡಿದೆ. 2021ರ ಅಕ್ಟೋಬರ್‌ನಲ್ಲಿ 50 ಲಕ್ಷ ಸಾಲ, 20 ವರ್ಷ, ಬಡ್ಡಿ ಶೇ. 6.75, ತಿಂಗಳ ಕಂತು 38,018 ರೂ. ಆಗ ಎಲ್ಲರಿಗೂ ಅದು ಸುವರ್ಣಕಾಲ. ರೆಪೊ ದರ ಶೇ. 4ರಲ್ಲಿ ಮಲಗಿತ್ತು. 2022ರ ಮೇ ತಿಂಗಳಿಂದ ರಿಸರ್ವ್ ಬ್ಯಾಂಕು ಏರಿಸಲು ಶುರು ಮಾಡಿತು. 2023ರ ಫೆಬ್ರವರಿ ಹೊತ್ತಿಗೆ ಶೇ. 6.50. ಅಂದರೆ ಒಂಬತ್ತೇ ತಿಂಗಳಲ್ಲಿ ಎರಡೂವರೆ ಪರ್ಸೆಂಟು. ಇವನ ಬಡ್ಡಿಯೂ ಶೇ. 9.25 ಆಯಿತು. ಕಂತು ಮಾತ್ರ ಅಷ್ಟೇ ಇಟ್ಟಿದ್ದರು. ಹುಡುಗ ಖುಷಿಯಾಗಿದ್ದ. "ನಂದು ಏರಲಿಲ್ಲ ಮಾವ" ಅಂತ ಗಣೇಶನ ಹಬ್ಬದಲ್ಲಿ ಹೇಳಿಕೊಂಡಿದ್ದು ನನಗೆ ನೆನಪಿದೆ.

ಏರಿರಲಿಲ್ಲ ನಿಜ. ಆದರೆ ಆ ಮಾರ್ಚ್ ತಿಂಗಳ ಕಂತಿನ ಲೆಕ್ಕ ಹೀಗಿತ್ತು: ಬಾಕಿ ಸುಮಾರು 48 ಲಕ್ಷ 92 ಸಾವಿರ. ಆ ತಿಂಗಳ ಬಡ್ಡಿ 37,700 ರೂ. ಚಿಲ್ಲರೆ. ಅಸಲಿಗೆ ಹೋದದ್ದು 300 ಚಿಲ್ಲರೆ ರೂಪಾಯಿ. ಮೂವತ್ತೆಂಟು ಸಾವಿರ ಕಟ್ಟಿ ಮುನ್ನೂರು ರೂಪಾಯಿ ಸಾಲ ತೀರಿಸಿದ್ದ! ಇದೇ ಕಂತು, ಇದೇ ಬಡ್ಡಿ ಮುಂದುವರಿದಿದ್ದರೆ ಸಾಲ ತೀರಲು 50 ವರ್ಷ ದಾಟುತ್ತಿತ್ತು. ಸಾಲ ಕೊಟ್ಟವರಿಗೂ ಅದು ಗೊತ್ತಾಗಿ ಒಂದು ಪತ್ರ ಕಳಿಸಿದ್ದರು. ಅವಧಿಯನ್ನು ಒಟ್ಟು 30 ವರ್ಷಕ್ಕೆ ಎಳೆದು, ಕಂತನ್ನು 40,600ರ ಹತ್ತಿರಕ್ಕೆ ತಂದಿದ್ದೇವೆ ಅಂತ. ಅವನಿಗೆ ಸಾಲ ಮುಗಿಯುವಾಗ 64 ವರ್ಷ. ಕೆಲಸದಿಂದ ನಿವೃತ್ತಿ 58ಕ್ಕೆ.

"ಎರಡೂವರೆ ಸಾವಿರ ಜಾಸ್ತಿ ಅಷ್ಟೇ ಅಲ್ವಾ ಮಾವ?" ಅಂದ. ಆಗಲೇ ನನಗೆ ಸಿಟ್ಟು ಬಂದದ್ದು. ಅವನ ಮೇಲಲ್ಲ, ನನ್ನ ಮೇಲೆ. ಯಾಕೆಂದರೆ "ತಿಂಗಳಿಗೆ ಎಷ್ಟು" ಅಂತ ಮಾತ್ರ ಯೋಚಿಸಲು ಜನರಿಗೆ ಕಲಿಸಿದವರು ನಾವೇ.

ಕುಂದಾಪುರದ ಕಡೆಯಿಂದ ಬಿ.ಕಾಂ ಮುಗಿಸಿ ಬ್ಯಾಂಕು ಸೇರಿ, 1996ರಲ್ಲಿ ವರ್ಗವಾಗಿ ಅಹಮದಾಬಾದಿಗೆ ಬಂದವನು ನಾನು. ಎರಡು ವರ್ಷಕ್ಕೆ ಅಂತ ಬಂದದ್ದು, ಇಲ್ಲೇ ಬೇರು ಬಿಟ್ಟಿತು. ಸಾಲದ ಮೇಜಿನಲ್ಲಿ ಕೂತು ಎಷ್ಟು ಮನೆ ಸಾಲ ಮಂಜೂರು ಮಾಡಿದ್ದೇನೋ ಲೆಕ್ಕ ಇಟ್ಟಿಲ್ಲ. ಪ್ರತಿಯೊಬ್ಬರಿಗೂ ಹೇಳುತ್ತಿದ್ದ ಮಾತು ಒಂದೇ: "ಬಾಡಿಗೆ ಕಟ್ಟೋ ದುಡ್ಡಿಗೆ ಇನ್ನೊಂದು ಸ್ವಲ್ಪ ಸೇರಿಸಿ ಕಂತು ಕಟ್ಟಿ, ಮನೆ ನಿಮ್ಮದೇ ಆಗುತ್ತೆ." ಒಟ್ಟು ಎಷ್ಟು ಕಟ್ಟುತ್ತೀರಿ ಅಂತ ನಾನಾಗಿ ಯಾರಿಗೂ ಹೇಳಲಿಲ್ಲ. ಸುಳ್ಳು ಹೇಳಲಿಲ್ಲ, ಆದರೆ ಅವರು ಕೇಳಲಿಲ್ಲ, ನಾನು ಹೇಳಲಿಲ್ಲ.

ಕೇಳಿದವನು ಒಬ್ಬನಿದ್ದ. ಕಾಲುಪುರದ ಕಡೆಯ ಬಟ್ಟೆ ವ್ಯಾಪಾರಿ, ವಯಸ್ಸಾದವರು. ಮಗನಿಗೆ ಮನೆ ಕೊಡಿಸಲು ಬಂದಿದ್ದರು. ನಾನು ಕಂತಿನ ಚೀಟಿ ಮುಂದಿಟ್ಟೆ. ಅವರು ಚೀಟಿ ನೋಡದೆ ನನ್ನ ಮುಖ ನೋಡಿ "ಸಾಹೇಬ್, ಕುಲ್ ಕೇಟಲಾ?" ಅಂದರು. ಒಟ್ಟು ಎಷ್ಟು? ಕ್ಯಾಲ್ಕುಲೇಟರ್ ಒತ್ತಿ ಹೇಳಿದೆ. ಅವರು ನಕ್ಕು, "ವ್ಯಾಜ್‌ನೇ ಘೋಡಾಯ್ ನ ಪಹೋಂಚೆ" ಅಂದರು. ಬಡ್ಡಿಯನ್ನು ಕುದುರೆಯೂ ಹಿಂದೆ ಹಾಕಲಾರದು ಅಂತ ಗುಜರಾತಿ ಗಾದೆ. ಕೇಳಿದ್ದರಲ್ಲಿ ಅರ್ಧ ಸಾಲ ಮಾತ್ರ ತಗೊಂಡು, ಏಳೇ ವರ್ಷದ ಅವಧಿ ಬರೆಸಿ ಹೋದರು. ಓದಿದ್ದು ನಾಲ್ಕನೇ ಕ್ಲಾಸು. ನಾನು ಬಿ.ಕಾಂ!

ಈಗ ಲೆಕ್ಕಕ್ಕೆ ಬರೋಣ. 50 ಲಕ್ಷ ಸಾಲ, ಬಡ್ಡಿ ಶೇ. 8.5 ಅಂತ ಇಟ್ಟುಕೊಳ್ಳಿ. ಇದಕ್ಕಿಂತ ಕಮ್ಮಿಗೂ ಸಿಗುತ್ತೆ, ಇದಕ್ಕಿಂತ ಹೆಚ್ಚಿಗೂ ಹೋಗಿದೆ. ಇಪ್ಪತ್ತು ವರ್ಷದ ದಾರಿಯಲ್ಲಿ ಯಾವುದೂ ನಿಲ್ಲೋದಿಲ್ಲ, ಆದ್ದರಿಂದ ನಡುವಿನ ಅಂಕಿ.

15 ವರ್ಷಕ್ಕೆ: ಕಂತು 49,237. ಒಟ್ಟು ಬಡ್ಡಿ 38 ಲಕ್ಷ 63 ಸಾವಿರ.
20 ವರ್ಷಕ್ಕೆ: ಕಂತು 43,391. ಒಟ್ಟು ಬಡ್ಡಿ 54 ಲಕ್ಷ 14 ಸಾವಿರ.
30 ವರ್ಷಕ್ಕೆ: ಕಂತು 38,446. ಒಟ್ಟು ಬಡ್ಡಿ 88 ಲಕ್ಷ 41 ಸಾವಿರ.

20ರಿಂದ 30ಕ್ಕೆ ಹೋದರೆ ತಿಂಗಳಿಗೆ ಉಳಿಯೋದು 4,945 ರೂಪಾಯಿ. ಅದಕ್ಕಾಗಿ ಕೊಡುವ ಹೆಚ್ಚಿನ ಬಡ್ಡಿ 34 ಲಕ್ಷ 27 ಸಾವಿರ. ಅಂಗಡಿಯಲ್ಲಿ ಟೊಮೆಟೊಗೆ ಎರಡು ರೂಪಾಯಿ ಚೌಕಾಸಿ ಮಾಡುವ ನಾವು, ಇಲ್ಲಿ ಒಂದು ಸಹಿಯಲ್ಲಿ 34 ಲಕ್ಷ ಬಿಟ್ಟುಕೊಟ್ಟು "ಕಂತು ಕಮ್ಮಿ ಆಯ್ತು" ಅಂತ ಸ್ವೀಟು ಹಂಚುತ್ತೇವೆ.

ಇನ್ನೊಂದು ನೋಡಿ. 20 ವರ್ಷದ ಸಾಲದಲ್ಲಿ ಮೊದಲ ತಿಂಗಳ 43,391ರಲ್ಲಿ ಬಡ್ಡಿ 35,417, ಅಸಲು 7,974. ಐದು ವರ್ಷ ಒಂದು ದಿನವೂ ತಪ್ಪದೆ ಕಟ್ಟಿದರೆ ನೀವು ಕೊಟ್ಟಿರುವುದು 26 ಲಕ್ಷ, ಸಾಲದಲ್ಲಿ ಇಳಿದಿರುವುದು 5 ಲಕ್ಷ 94 ಸಾವಿರ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗುವುದು ಹನ್ನೆರಡನೇ ವರ್ಷದ ಕೊನೆಗೆ. ಸಾಲ ಅರ್ಧಕ್ಕೆ ಇಳಿಯುವುದು ಹದಿನಾಲ್ಕನೇ ವರ್ಷದಲ್ಲಿ. ಇದರಲ್ಲಿ ಮೋಸ ಏನೂ ಇಲ್ಲ, ಗಣಿತವೇ ಹಾಗೆ: ಬಾಕಿ ಇರುವ ಮೊತ್ತಕ್ಕೆ ಆ ತಿಂಗಳ ಬಡ್ಡಿ ಮೊದಲು ಮುರಿದುಕೊಂಡು ಉಳಿದದ್ದು ಅಸಲಿಗೆ. ಮೊದಲ ವರ್ಷಗಳಲ್ಲಿ ಬಾಕಿ ದೊಡ್ಡದು, ಬಡ್ಡಿಯೂ ದೊಡ್ಡದು. ಆದರೆ ಸಾಲ ತಗೊಳ್ಳುವವನಿಗೆ ಇದನ್ನು ಒಂದು ಸಲ ಬಾಯಿಬಿಟ್ಟು ಹೇಳಬೇಕಲ್ಲವೇ?

ಈಗ ಆ ಪ್ರಸಿದ್ಧ ಮಾತು. "ಬಾಡಿಗೆ ಕಟ್ಟೋದು ದುಡ್ಡನ್ನ ನೀರಿಗೆ ಹಾಕಿದ ಹಾಗೆ." ನನ್ನ ಅಳಿಯನ ಮನೆಯ ಬೆಲೆ 65 ಲಕ್ಷ. ಅದೇ ಬಿಲ್ಡಿಂಗಿನಲ್ಲಿ ಅಂಥದ್ದೇ ಮನೆಯ ಬಾಡಿಗೆ 18 ಸಾವಿರ. ಅವನ ಬಡ್ಡಿ 37 ಸಾವಿರ. ಬಾಡಿಗೆ ನೀರಿಗೆ ಹೋಯಿತು ಅನ್ನುವುದಾದರೆ, ಬಡ್ಡಿ ಎಲ್ಲಿಗೆ ಹೋಯಿತು ಸ್ವಾಮಿ? ಅದೂ ವಾಪಸು ಬರೋದಿಲ್ಲ. ಮನೆಯ ಬಾಡಿಗೆ ಮನೆಯ ಯಜಮಾನನಿಗೆ, ದುಡ್ಡಿನ ಬಾಡಿಗೆ ದುಡ್ಡಿನ ಯಜಮಾನನಿಗೆ. ಎರಡೂ ಬಾಡಿಗೆಯೇ.

"ಬಾಡಿಗೆ ವರ್ಷಾವರ್ಷ ಏರುತ್ತೆ, ಕಂತು ಏರಲ್ಲ" ಅಂತ ಇನ್ನೊಂದು ವಾದ. ಅರ್ಧ ನಿಜ. ಸಂಬಳ, ಬೆಲೆ ಎಲ್ಲ ಏರುವಾಗ ಹತ್ತು ವರ್ಷದ ನಂತರದ 43 ಸಾವಿರ ಇವತ್ತಿನ 43 ಸಾವಿರದಷ್ಟು ಭಾರ ಇರೋದಿಲ್ಲ, ಒಪ್ಪುತ್ತೇನೆ. ಮನೆಯ ಬೆಲೆಯೂ ಏರಬಹುದು. ಬಲವಂತದ ಉಳಿತಾಯ ಅನ್ನುವುದೂ ಸರಿ. ಕಂತು ಇಲ್ಲದಿದ್ದರೆ ಆ ದುಡ್ಡನ್ನು ನಾವು ಖಂಡಿತ ಉಳಿಸುತ್ತಿದ್ದೆವು ಅಂತ ಎದೆ ಮುಟ್ಟಿ ಹೇಳೋರು ಎಷ್ಟು ಜನ? ಆದರೆ "ಕಂತು ಏರಲ್ಲ" ಅನ್ನುವುದು ಫ್ಲೋಟಿಂಗ್ ದರದ ಸಾಲಕ್ಕೆ ಅನ್ವಯಿಸೋದಿಲ್ಲ. ಕಂತು ಏರದಿದ್ದರೆ ವರ್ಷ ಏರುತ್ತೆ. ಅಳಿಯನ ಕಥೆ ಅದೇ.

ಮನೆ ಬೇಡ ಅಂತ ನಾನು ಹೇಳುತ್ತಿಲ್ಲ. ನಮ್ಮಪ್ಪನ ಕಾಲದಲ್ಲಿ ಪಿ.ಎಫ್., ಗ್ರಾಚ್ಯುಟಿ ಕೈಗೆ ಬಂದ ಮೇಲೆ ಊರಲ್ಲಿ ಮನೆ ಕಟ್ಟಿ, ನಾಲ್ಕು ದಿನ ಅದರಲ್ಲಿ ಇದ್ದು ಹೋಗುತ್ತಿದ್ದರು. ಮಧ್ಯಮ ವರ್ಗದವನು ದುಡಿಯುವ ವಯಸ್ಸಿನಲ್ಲೇ ಮನೆ ಮಾಡಿಕೊಳ್ಳಬೇಕು ಅಂತ 1977ರಲ್ಲಿ ಎಚ್‌ಡಿಎಫ್‌ಸಿ ಶುರು ಮಾಡಿದವರು ಹಸಮುಖ್ ಪಾರೇಖ್, ಇದೇ ಗುಜರಾತಿನ ಸೂರತ್ತಿನಲ್ಲಿ ಹುಟ್ಟಿದವರು. ದೊಡ್ಡ ಕೆಲಸವೇ ಅದು. ನನ್ನ ಜಗಳ ಸಾಲದ ಜೊತೆ ಅಲ್ಲ, ಸಾಲದ ಬೆಲೆಯನ್ನು ಮುಚ್ಚಿಡುವುದರ ಜೊತೆ.

ಮುಚ್ಚಿಡುವ ಕಲೆ ಬಿಲ್ಡರ್‌ನಿಂದಲೇ ಶುರು. ಅಹಮದಾಬಾದಿನಲ್ಲಿ ಮನೆಯನ್ನು ಚದರ ಅಡಿಯಲ್ಲಿ ಹೇಳೋದು ಕಮ್ಮಿ, "ವಾರ್" ಅಂತಾರೆ, ಅಂದರೆ ಚದರ ಗಜ. 150 ವಾರ್ ಅಂದರೆ 1,350 ಚದರ ಅಡಿ. ಅದೂ ಸೂಪರ್ ಬಿಲ್ಟಪ್. ಲಿಫ್ಟು, ಮೆಟ್ಟಿಲು, ಕ್ಲಬ್ ಹೌಸು ಎಲ್ಲದರಲ್ಲೂ ನಿಮ್ಮ ಪಾಲು. ಒಳಗೆ ಚಾಪೆ ಹಾಸಲು ಸಿಗೋದು ಎಷ್ಟು ಅಂತ ಟೇಪು ಹಿಡಿದು ಅಳೆದವನಿಗೇ ಗೊತ್ತು. 2016ರ ರೇರಾ ಕಾಯ್ದೆ ಕಾರ್ಪೆಟ್ ಏರಿಯಾ ಹೇಳಲೇಬೇಕು ಅಂದಿದೆ, ಕಾಗದದಲ್ಲಿ ಬರೆಯುತ್ತಾರೆ, ಮಾತು ಇನ್ನೂ ವಾರ್‌ನಲ್ಲೇ. ಆಮೇಲೆ ದಸ್ತಾವೇಜಿನ ದಿನ ಸ್ಟ್ಯಾಂಪ್ ಡ್ಯೂಟಿ ಶೇ. 4.9, ನೋಂದಣಿ ಶೇ. 1 (ಹೆಂಗಸರ ಹೆಸರಿಗೆ ಮಾತ್ರ ಮಾಡಿಸಿದರೆ ನೋಂದಣಿ ಶುಲ್ಕ ಮಾಫಿ, ಇದನ್ನು ಮರೆಯಬೇಡಿ). ಕಟ್ಟುತ್ತಿರುವ ಮನೆಯಾದರೆ ಜಿಎಸ್‌ಟಿ ಶೇ. 5. ಅಳಿಯನ 65 ಲಕ್ಷಕ್ಕೆ ಇವೆರಡೇ 7 ಲಕ್ಷ ದಾಟಿತು. ಈ ಖರ್ಚಿಗೆ ಬ್ಯಾಂಕು ಸಾಲ ಕೊಡೋದಿಲ್ಲ, ಕೈಯಿಂದಲೇ ಹೋಗಬೇಕು. ಮೇಂಟೆನೆನ್ಸ್ ಡಿಪಾಸಿಟ್ಟು, ಪಾರ್ಕಿಂಗು, ಕಿಟಕಿ ಗ್ರಿಲ್ಲು, ಮಾಡ್ಯುಲರ್ ಕಿಚನ್ನು ಬೇರೆ. ಮನೆ ಕಟ್ಟಿ ನೋಡು ಅಂತ ಹಿರಿಯರು ಹೇಳಿದ್ದು ಸುಮ್ಮನೆ ಅಲ್ಲ.

ಆಮೇಲೆ ವಿಮೆ. "ಸಾರ್, ಇದು ಕಂಪಲ್ಸರಿ" ಅಂತ ಹೇಳಿ ಒಂದೂವರೆ ಲಕ್ಷದ ಸಿಂಗಲ್ ಪ್ರೀಮಿಯಂ ಪಾಲಿಸಿಯನ್ನು ಸಾಲಕ್ಕೇ ಸೇರಿಸಿಬಿಡುತ್ತಾರೆ. ರಿಸರ್ವ್ ಬ್ಯಾಂಕು ಇದನ್ನು ಕಡ್ಡಾಯ ಮಾಡಿಲ್ಲ. 20 ವರ್ಷಕ್ಕೆ ಶೇ. 8.5ರಲ್ಲಿ ಆ ಒಂದೂವರೆ ಲಕ್ಷಕ್ಕೆ ನೀವು ಕಟ್ಟುವುದು 3 ಲಕ್ಷ 12 ಸಾವಿರ. ವಿಮೆ ಬೇಕು, ಖಂಡಿತ ಬೇಕು. ಮನೆಯ ಯಜಮಾನ ಹೋದರೆ ಸಾಲ ಹೋಗೋದಿಲ್ಲ. ಆದರೆ ಟರ್ಮ್ ಪಾಲಿಸಿ ನೀವೇ ಬೇರೆ ತಗೊಳ್ಳಿ, ಬೆಲೆ ಹೋಲಿಸಿ ತಗೊಳ್ಳಿ. ಕಟ್ಟಡಕ್ಕೂ ವಿಮೆ ಮಾಡಿಸಿ. 2001ರ ಜನವರಿ 26ರ ಬೆಳಿಗ್ಗೆ ನಾನು ವಸ್ತ್ರಾಪುರದ ಬಾಡಿಗೆ ಮನೆಯಲ್ಲಿದ್ದೆ. ಭುಜ್ ಇಲ್ಲಿಂದ ಅಷ್ಟು ದೂರ, ಆದರೂ ಈ ಊರಲ್ಲಿ ಎಷ್ಟೋ ಅಪಾರ್ಟ್‌ಮೆಂಟುಗಳು ಕುಸಿದವು. ಮನೆ ಬಿದ್ದರೂ ಸಾಲದ ಖಾತೆ ತಾನಾಗಿ ಮುಚ್ಚೋದಿಲ್ಲ ಅನ್ನುವುದು ಆಗ ಬಹಳ ಜನಕ್ಕೆ ಹೊಳೆಯಿತು.

ತೆರಿಗೆ ಉಳಿತಾಯ ಅಂತ ಸಾಲ ತೀರಿಸದೆ ಇಟ್ಟುಕೊಳ್ಳುವ ಜಾಣರೂ ಇದ್ದಾರೆ. ಹಳೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ ವಿನಾಯಿತಿ. 30 ಪರ್ಸೆಂಟಿನ ಸ್ಲ್ಯಾಬಿನವರಿಗೆ ಸೆಸ್ ಸೇರಿ ಉಳಿಯೋದು 62,400. ಮೊದಲ ವರ್ಷ ಕಟ್ಟುವ ಬಡ್ಡಿ 4 ಲಕ್ಷಕ್ಕೂ ಹೆಚ್ಚು. ನೂರು ಕೊಟ್ಟು ಮೂವತ್ತೊಂದು ವಾಪಸು ತರುವ ವ್ಯಾಪಾರ, ಅದೂ ಅರ್ಧಕ್ಕೆ ಮಾತ್ರ. 2023-24ರಿಂದ ಹೊಸ ಪದ್ಧತಿಯೇ ಡೀಫಾಲ್ಟ್. ಅದರಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ಆ ಮೂವತ್ತೊಂದೂ ಇಲ್ಲ.

ಇನ್ನು ದರದ ಕಥೆ. 2003ರಲ್ಲಿ ಬಿಪಿಎಲ್‌ಆರ್, 2010ರ ಜುಲೈನಿಂದ ಬೇಸ್ ರೇಟ್, 2016ರ ಏಪ್ರಿಲ್‌ನಿಂದ ಎಂಸಿಎಲ್‌ಆರ್, 2019ರ ಅಕ್ಟೋಬರ್‌ನಿಂದ ರೆಪೊದಂಥ ಹೊರಗಿನ ದರಕ್ಕೆ ಜೋಡಣೆ. ಹೆಸರು ನಾಲ್ಕು ಸಲ ಯಾಕೆ ಬದಲಾಯಿತು ಗೊತ್ತಾ? ದರ ಏರುವಾಗ ಹಳೆ ಗ್ರಾಹಕನಿಗೆ ಲಿಫ್ಟಿನಲ್ಲಿ ಏರಿಸುತ್ತಿದ್ದೆವು, ಇಳಿಯುವಾಗ ಮೆಟ್ಟಿಲಿನಲ್ಲಿ ಇಳಿಸುತ್ತಿದ್ದೆವು. ಇಳಿದ ದರ ಹೊಸಬರಿಗೆ, ಜಾಹೀರಾತಿಗೆ. ಹಳಬ ತಾನಾಗಿ ಬಂದು ಕೇಳಿ, ಶುಲ್ಕ ಕಟ್ಟಿದರೆ ಅವನಿಗೂ. ಇದು ನನ್ನೊಬ್ಬನ ಮಾತಲ್ಲ. ರಿಸರ್ವ್ ಬ್ಯಾಂಕಿನದೇ ಜನಕ್ ರಾಜ್ ಅವರ ನೇತೃತ್ವದ ಅಧ್ಯಯನ ತಂಡ 2017ರಲ್ಲಿ, ಬ್ಯಾಂಕುಗಳು ಬೇಸ್ ರೇಟ್ ಮತ್ತು ಎಂಸಿಎಲ್‌ಆರ್ ಲೆಕ್ಕ ಹಾಕುವಾಗ ನಿಯಮ ಬಿಟ್ಟು ತಮಗೆ ಬೇಕಾದ ಹಾಗೆ ಹೊಂದಿಸಿಕೊಂಡಿವೆ ಅಂತ ವರದಿ ಕೊಟ್ಟಿತು. ಅದರಿಂದಲೇ ಹೊರಗಿನ ದರ ಬಂದದ್ದು. ಅದೂ ಬ್ಯಾಂಕುಗಳಿಗೆ ಮಾತ್ರ ಕಡ್ಡಾಯವಾಯಿತು, ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಅಲ್ಲ. ಎಲ್ಲಿಂದ ಸಾಲ ತಗೊಳ್ಳುತ್ತಿದ್ದೀರಿ ಅಂತ ನೋಡಿಕೊಳ್ಳಿ.

ನನ್ನ ಸ್ವಂತ ಸಾಲದ ವಿಷಯವನ್ನೂ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಇದೆಲ್ಲ ಬೂಟಾಟಿಕೆ ಆಗುತ್ತೆ. ಬೋಡಕ್‌ದೇವ್‌ನ ಈ ಮನೆ ನಾನು 2004ರಲ್ಲಿ ತಗೊಂಡದ್ದು ಸ್ಟಾಫ್ ಲೋನ್‌ನಲ್ಲಿ. ನಮ್ಮಂಥ ಬ್ಯಾಂಕ್ ನೌಕರರ ಮನೆ ಸಾಲಕ್ಕೆ ಬಡ್ಡಿ ಕಮ್ಮಿ, ಅದೂ ಸರಳ ಬಡ್ಡಿ. ಕಟ್ಟುವ ದುಡ್ಡು ಮೊದಲು ಅಸಲಿಗೆ ಹೋಗುತ್ತದೆ, ಬಡ್ಡಿ ಪಕ್ಕದಲ್ಲಿ ಕೂಡಿಕೊಂಡು ಕೊನೆಗೆ ತೀರುತ್ತದೆ. ಗಮನಿಸಿದಿರಾ? ಮೊದಲು ಅಸಲು. ಸಾಲ ಹೇಗಿದ್ದರೆ ತೀರುತ್ತದೆ ಅನ್ನುವುದು ಬ್ಯಾಂಕಿನವರಿಗೆ ಚೆನ್ನಾಗಿ ಗೊತ್ತು. ತಮಗಾಗಿ ಹಾಗೆ ಮಾಡಿಕೊಂಡಿದ್ದೇವೆ. ಕೌಂಟರಿನ ಆಚೆ ಕೂತವನಿಗೆ ಅದನ್ನು ಕೊಡಲು ಆಗೋದಿಲ್ಲ, ವ್ಯಾಪಾರ ನಡೆಯಬೇಕು, ಅರ್ಥವಾಗುತ್ತೆ. ಕಡೇ ಪಕ್ಷ ಹೇಳಬಹುದಲ್ಲ.

ಕಾನೂನು ಈಗ ಸುಧಾರಿಸಿದೆ, ಅದನ್ನೂ ಹೇಳಬೇಕು. ಫ್ಲೋಟಿಂಗ್ ದರದ ಮನೆ ಸಾಲವನ್ನು ಮುಂಚೆ ತೀರಿಸಿದರೆ ದಂಡ ಹಾಕಬಾರದು ಅಂತ ಬ್ಯಾಂಕುಗಳಿಗೆ 2012ರಲ್ಲೇ ಆದೇಶವಾಗಿದೆ. 2023ರ ಆಗಸ್ಟ್ 18ರ ಸುತ್ತೋಲೆ ಪ್ರಕಾರ, ದರ ಬದಲಾದಾಗ ಕಂತು ಏರಿಸುವುದೋ, ಅವಧಿ ಎಳೆಯುವುದೋ, ಎರಡೂ ಸೇರಿಸಿಯೋ ಅಂತ ಗ್ರಾಹಕನನ್ನು ಕೇಳಬೇಕು. ಈವರೆಗೆ ಎಷ್ಟು ಅಸಲು, ಎಷ್ಟು ಬಡ್ಡಿ ವಸೂಲಾಗಿದೆ, ಎಷ್ಟು ಕಂತು ಉಳಿದಿದೆ ಅಂತ ಮೂರು ತಿಂಗಳಿಗೊಮ್ಮೆ ಲೆಕ್ಕ ಕೊಡಬೇಕು. 2024ರ ಅಕ್ಟೋಬರ್‌ನಿಂದ ಶುಲ್ಕಗಳನ್ನೆಲ್ಲ ಸೇರಿಸಿದ ನಿಜವಾದ ವಾರ್ಷಿಕ ದರ ತೋರಿಸುವ ಮುಖ್ಯಾಂಶ ಪತ್ರ ಕೊಡಬೇಕು. ಸಾಲ ತೀರಿದ ಮೇಲೆ 30 ದಿನದಲ್ಲಿ ಮನೆಯ ಪತ್ರ ವಾಪಸು ಕೊಡದಿದ್ದರೆ, ತಪ್ಪು ಸಾಲ ಕೊಟ್ಟವರದಾದರೆ, ದಿನಕ್ಕೆ 5,000 ರೂ. ಪರಿಹಾರ. ಎಲ್ಲ ಒಳ್ಳೆಯದೇ. ಆದರೆ ಆ ಮುಖ್ಯಾಂಶ ಪತ್ರ ನಲವತ್ತು ಸಹಿಗಳ ಕಟ್ಟಿನಲ್ಲಿ ಒಂದು ಹಾಳೆ. "ಇಲ್ಲಿ, ಇಲ್ಲಿ, ಇಲ್ಲಿ" ಅಂತ ಬೆರಳು ತೋರಿಸುವ ಹುಡುಗನ ವೇಗದಲ್ಲಿ ಯಾರು ಓದುತ್ತಾರೆ?

ಅಳಿಯನಿಗೆ ಅವತ್ತು ಮೇಜಿನ ಮೇಲೆ ಎರಡು ಅಂಕಿ ಬರೆದು ತೋರಿಸಿದೆ. ಸಾಲ ಮೊದಲು ಹೇಳಿದ 20 ವರ್ಷಕ್ಕೇ ಮುಗಿಯಬೇಕಾದರೆ ಕಂತು ಸುಮಾರು 45,900 ಆಗಬೇಕು. ಅವರು ಹೇಳಿದ 40,600ಕ್ಕಿಂತ ತಿಂಗಳಿಗೆ 5,300 ಹೆಚ್ಚು. ದರ ಹಾಗೇ ನಿಂತರೆ ಈ ಎರಡರ ನಡುವಿನ ಒಟ್ಟು ವ್ಯತ್ಯಾಸ 36 ಲಕ್ಷಕ್ಕೂ ಮೇಲೆ. ಹುಡುಗ ಸುಮ್ಮನೆ ಕೂತ. ನೀರುದೋಸೆ ತಣ್ಣಗಾಯಿತು. "ಇದನ್ನ ಮೊದಲೇ ಯಾಕೆ ಹೇಳಲಿಲ್ಲ ಮಾವ?" ಅಂತ ಕೇಳಿದ. ಮನೆ ತಗೊಳ್ಳುವಾಗ ನನ್ನನ್ನು ಕೇಳಿಯೇ ತಗೊಂಡಿದ್ದ. ನಾನೂ "ದರ ಕಮ್ಮಿ ಇದೆ, ತಗೋ" ಅಂದಿದ್ದೆ. ಉತ್ತರ ಇರಲಿಲ್ಲ.

ಅವನು ಹೊಸ ಕಾರಿನ ಯೋಚನೆ ಬಿಟ್ಟು, ಮೇ ತಿಂಗಳಿಂದ ಕಂತನ್ನು 46,000 ಮಾಡಿಸಿದ. 2025ರಲ್ಲಿ ರೆಪೊ ಇಳಿದಾಗ "ಕಂತು ಕಮ್ಮಿ ಮಾಡಲಾ?" ಅಂತ ಕೇಳಿದರು. ಬೇಡ ಅಂದ. ದರ ಇಳಿದಾಗ ಕಂತು ಇಳಿಸಬೇಡಿ, ಅವಧಿ ಇಳಿಸಿ. ಇಷ್ಟು ಮಾಡಿದರೇ ದೊಡ್ಡ ಕೆಲಸ. ಮೇಲೆ ಹೇಳಿದ 50 ಲಕ್ಷದ ಸಾಲಕ್ಕೆ ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟಿದರೆ ಸಾಲ ಮೂರು ವರ್ಷಕ್ಕೂ ಮುಂಚೆ ಮುಗಿದು, ಬಡ್ಡಿ ಸುಮಾರು 10 ಲಕ್ಷ ಉಳಿಯುತ್ತದೆ. ಸಂಬಳ ಏರಿದ ಹಾಗೆ ಕಂತನ್ನೂ ವರ್ಷಕ್ಕೆ ಶೇ. 5 ಏರಿಸುತ್ತಾ ಹೋದರೆ 20 ವರ್ಷದ್ದು 12 ವರ್ಷ ಚಿಲ್ಲರೆಗೆ ಮುಗಿಯುತ್ತದೆ. ಮೊದಲ ಐದಾರು ವರ್ಷದಲ್ಲಿ ಕಟ್ಟಿದ ಹೆಚ್ಚಿನ ರೂಪಾಯಿಗೆ ಬೆಲೆ ಜಾಸ್ತಿ. ಕೊನೆಯ ವರ್ಷಗಳಲ್ಲಿ ಕಟ್ಟಿದರೆ ಉಳಿಯಲು ಬಡ್ಡಿಯೇ ಅಷ್ಟಿರೋದಿಲ್ಲ. ಮಗಳ ಮದುವೆ, ಆಸ್ಪತ್ರೆ ಅಂತ ಕೈಯಲ್ಲಿ ಆರು ತಿಂಗಳ ಖರ್ಚು ಇಟ್ಟುಕೊಂಡೇ ಇದನ್ನು ಮಾಡಿ. ಮತ್ತೆ, ಯಾವ ಕಾರಣಕ್ಕೂ ನಿವೃತ್ತಿಯ ಆಚೆಗೆ ಕಂತು ಒಯ್ಯಬೇಡಿ. ಪಿಂಚಣಿ ಇಲ್ಲದ ಕೆಲಸದವರಂತೂ ಬೇಡವೇ ಬೇಡ.

ಈಗ ಮತ್ತೆ ಎಸ್.ಜಿ. ಹೈವೇ ತುಂಬಾ ಬೋರ್ಡುಗಳು. ತಿಂಗಳಿಗೆ ಇಷ್ಟೇ, ಇಷ್ಟೇ, ಇಷ್ಟೇ. ಒಂದು ಬೋರ್ಡಿನಲ್ಲೂ ಒಟ್ಟು ಎಷ್ಟು ಅಂತ ಇಲ್ಲ. ಸಿಗರೇಟಿನ ಪ್ಯಾಕಿನ ಮೇಲೆ ಎಚ್ಚರಿಕೆ ಬರೆಸಿದ ಸರ್ಕಾರಕ್ಕೆ, ಸಾಲದ ಜಾಹೀರಾತಿನಲ್ಲಿ ಕಂತಿನಷ್ಟೇ ದಪ್ಪ ಅಕ್ಷರದಲ್ಲಿ ಒಟ್ಟು ಮೊತ್ತ ಬರೆಸುವುದು ಕಷ್ಟವೇ? ಮಂಜೂರಾತಿ ಪತ್ರದ ಮೊದಲ ಸಾಲಿನಲ್ಲಿ, ಗ್ರಾಹಕ ಓದುವ ಭಾಷೆಯಲ್ಲಿ, "ನೀವು 50 ಲಕ್ಷ ತಗೊಂಡು 1 ಕೋಟಿ 4 ಲಕ್ಷ ವಾಪಸು ಕೊಡುತ್ತೀರಿ" ಅಂತ ಬರೆದರೆ ಬ್ಯಾಂಕು ಮುಳುಗುತ್ತದೆಯೇ? ಮುಳುಗೋದಿಲ್ಲ. ಟಾರ್ಗೆಟ್ ಸ್ವಲ್ಪ ಕಮ್ಮಿ ಆಗುತ್ತದೆ.

ನನಗೆ ಗೊತ್ತು, ಯಾಕೆಂದರೆ ನನ್ನದು ಆಗಿದೆ. ಆ ಭಾನುವಾರದಿಂದ ಸಾಲ ಕೇಳಿಕೊಂಡು ಬಂದವರಿಗೆಲ್ಲ ಒಂದು ಬಿಳಿ ಹಾಳೆಯಲ್ಲಿ ಕಂತಿನ ಪಕ್ಕ ಒಟ್ಟನ್ನೂ ಬರೆದು ಕೊಡುತ್ತಿದ್ದೇನೆ. ಕೆಲವರು ಮನೆಗೆ ಹೋಗಿ ಯೋಚಿಸಿ ಬಂದು ಸಾಲ ಕಮ್ಮಿ ಮಾಡಿಕೊಂಡಿದ್ದಾರೆ. ಕೆಲವರು ವರ್ಷ ಕಮ್ಮಿ ಮಾಡಿದ್ದಾರೆ. ಒಬ್ಬರು ಹಾಳೆ ನೋಡಿ ಸಿಟ್ಟಾಗಿ ಬೇರೆ ಕಡೆ ಹೋದರು. ಮೇಲಿನವರು ಒಮ್ಮೆ ಕರೆದು "ಏನ್ರೀ ಇದು" ಅಂತ ಕೇಳಿದ್ದೂ ಆಯಿತು. ನನಗೆ ಇನ್ನೆರಡು ವರ್ಷಕ್ಕೆ ನಿವೃತ್ತಿ, ಏನು ಮಾಡುತ್ತಾರೆ?

ನೀವು ಸಾಲಕ್ಕೆ ಹೋದಾಗ ಮೇಜಿನ ಆಚೆ ನಾನು ಇರೋದಿಲ್ಲ. ಆದ್ದರಿಂದ ನೀವೇ ಕೇಳಿ. ಕನ್ನಡದಲ್ಲಿ ಕೇಳಿ, ಗುಜರಾತಿಯಲ್ಲಿ ಕೇಳಿ, ಯಾವ ಭಾಷೆಯಾದರೂ ಸರಿ. ಒಟ್ಟು ಎಷ್ಟು? ಕುಲ್ ಕೇಟಲಾ? ಬರೆದು ಕೊಡಿ ಅನ್ನಿ. ಬರೆದು ಕೊಟ್ಟ ಮೇಲೆ ಅಲ್ಲೇ ಸಹಿ ಹಾಕಬೇಡಿ. ಹಾಳೆ ಮನೆಗೆ ತಗೊಂಡು ಹೋಗಿ, ಹೆಂಡತಿಗೋ ಗಂಡನಿಗೋ ತೋರಿಸಿ, ಒಂದು ರಾತ್ರಿ ನಿದ್ದೆ ಮಾಡಿ, ಆಮೇಲೆ ಹೋಗಿ ಸಹಿ ಹಾಕಿ.